ನೋ ಮರ್ಸಿಗೆ ಚೀಟ್ ಹಾಕುವುದು, ಮಾಡ್ ಕೂರಿಸುವುದು: ಹಳೆಯ ಕುಸ್ತಿ ಗೇಮ್‌ಗಳಿಗೊಂದು ಕೈಪಿಡಿ

ಡಬ್ಲ್ಯುಡಬ್ಲ್ಯುಎಫ್ ನೋ ಮರ್ಸಿ 2000ದ ನವೆಂಬರ್‌ನಲ್ಲಿ ನಿಂಟೆಂಡೊ 64 ಗೇಮ್ ಕನ್ಸೋಲಿಗೆ ಬಂದ ಕುಸ್ತಿ ಆಟ. ಮಾಡಿದವರು ಜಪಾನಿನ ಅಸ್ಮಿಕ್ ಏಸ್ ಮತ್ತು ಅಕಿ ಕಾರ್ಪೊರೇಷನ್, ಹೊರತಂದವರು ಟಿಎಚ್‌ಕ್ಯು. 1997ರ ವರ್ಲ್ಡ್ ಟೂರ್, 1998ರ ರಿವೆಂಜ್, 1999ರ ರೆಸಲ್‌ಮೇನಿಯಾ 2000, ಇವೆಲ್ಲ ಒಂದೇ ಎಂಜಿನ್ನಿನ (ಆಟ ನಡೆಸುವ ಮೂಲ ಪ್ರೋಗ್ರಾಂ) ಕುಡಿಗಳು. ಅದರಲ್ಲಿ ಕೊನೆಗೆ ಬಂದು ಹೆಚ್ಚು ಪಳಗಿದ್ದು ನೋ ಮರ್ಸಿ. ಪಟ್ಟು ಹಾಕುವುದು, ಬಿಡಿಸಿಕೊಳ್ಳುವುದು, ತಿರುಗಿ ಹಾಕುವುದು ಇದರಲ್ಲಿ ಎಷ್ಟು ಹದವಾಗಿದೆಯೆಂದರೆ ಜನ ಇವತ್ತಿಗೂ ಹೊಸ ಪೈಲ್ವಾನರನ್ನು ಇದರೊಳಗೆ ಇಳಿಸುತ್ತಲೇ ಇದ್ದಾರೆ. ಈ ಲೇಖನದ ಹೆಚ್ಚಿನ ಭಾಗ ಈ ಆಟದ ಮೇಲೆ. ಕೊನೆಯಲ್ಲಿ ಪ್ಲೇಸ್ಟೇಷನ್ 2ರ ಹಿಯರ್ ಕಮ್ಸ್ ದ ಪೇನ್ ಬಗ್ಗೆ ಒಂದಿಷ್ಟು.

ಶುರುಮಾಡುವ ಮುಂಚೆ ಒಂದು ವಿಷಯ ತಲೆಯಲ್ಲಿ ಕೂರಬೇಕು. ಆಟವನ್ನು ಬದಲಿಸುವ ಜಾಗ ನಾಲ್ಕು. ಚೀಟ್ ಕೋಡ್ (ಆಟದಲ್ಲಿ ಅಡ್ಡದಾರಿ ತೆರೆಯುವ ಅಂಕಿಗಳ ಸಾಲು) ಬದಲಿಸುವುದು ಆಟ ನಡೆಯುವಾಗಿನ ತಾತ್ಕಾಲಿಕ ಮೆಮೊರಿಯಾದ ರ‍್ಯಾಮ್ ಅನ್ನು. ಆಟ ಆಫ್ ಆದರೆ ಅದೂ ಹೋಯಿತು. ಮಾಡ್ ಪ್ಯಾಚ್ (ಅಭಿಮಾನಿಗಳು ಮಾಡಿದ ಬದಲಾವಣೆಯ ಫೈಲ್) ಬದಲಿಸುವುದು ರೋಮ್ ಫೈಲನ್ನೇ, ಅಂದರೆ ಆಟದ ಪೂರ್ತಿ ಪ್ರತಿಯಿರುವ ಫೈಲನ್ನೇ. ಟೆಕ್ಸ್ಚರ್ ಪ್ಯಾಕ್ (ಮುಖ, ಬಟ್ಟೆಗಳ ಮೇಲ್ಮೈ ಚಿತ್ರಗಳ ಕಟ್ಟು) ಇವೆರಡನ್ನೂ ಮುಟ್ಟುವುದಿಲ್ಲ, ಪರದೆಗೆ ಚಿತ್ರ ಹೋಗುವ ದಾರಿಯಲ್ಲಿ ನಿಂತು ಚಿತ್ರ ಬದಲಿಸಿ ಕಳಿಸುತ್ತದೆ. ನಾಲ್ಕನೆಯದು ಸೇವ್ ಫೈಲ್, ಅಂದರೆ ಆಟದಲ್ಲಿ ನೀವು ಮಾಡಿದ್ದು ಉಳಿಯುವ ಫೈಲ್. ಏನಾದರೂ ಕೆಟ್ಟಾಗ ಮೊದಲು ಕೇಳಿಕೊಳ್ಳಬೇಕಾದ ಪ್ರಶ್ನೆ ಇದೇ: ಈ ನಾಲ್ಕರಲ್ಲಿ ಯಾವುದರಲ್ಲಿ ಕೆಟ್ಟಿದೆ? ಮಾಡ್ ಹಾಕಿದರೂ ಹಳೆಯ ಹೆಸರುಗಳೇ ಕಾಣುತ್ತಿವೆ ಎಂದು ಮಾಡ್ ಅನ್ನೇ ಮತ್ತೆ ಮತ್ತೆ ಇಳಿಸಿಕೊಳ್ಳುವವರಿದ್ದಾರೆ. ತಪ್ಪು ಇರುವುದು ಸೇವ್ ಫೈಲಿನಲ್ಲಿ.

ನಿಮ್ಮ ಪ್ರತಿ ಯಾವುದು?

ಕೋಡ್ ಆಗಲಿ ಪ್ಯಾಚ್ ಆಗಲಿ ಒಂದು ನಿರ್ದಿಷ್ಟ ಪ್ರತಿಗೆಂದೇ ಬರೆದದ್ದು. ಅಮೆರಿಕದ ಪ್ರತಿಯ ಕೋಡ್ ಯುರೋಪಿನದಕ್ಕೆ ಆಗುವುದಿಲ್ಲ. ಅಮೆರಿಕದಲ್ಲೇ 1.0 ಪ್ರತಿಯ ಕೋಡ್ 1.1ರಲ್ಲಿ ಕೈಕೊಡಬಹುದು. ನಡುವೆ ಒಂದೆರಡು ಸಾಲು ಪ್ರೋಗ್ರಾಂ ಸೇರಿದರೂ ಅದರ ಮುಂದಿನ ವಿಳಾಸಗಳೆಲ್ಲ ಜರುಗುತ್ತವೆ. ನೋ ಮರ್ಸಿಯಲ್ಲಿ ಇದು ಬರೀ ಥಿಯರಿ ಅಲ್ಲ. ಮೊದಲು ಮಾರುಕಟ್ಟೆಗೆ ಬಂದ ಕಾರ್ಟ್ರಿಡ್ಜ್‌ಗಳಲ್ಲಿ (ನಮ್ಮಲ್ಲಿ ಎಲ್ಲರೂ ‘ಕ್ಯಾಸೆಟ್’ ಅನ್ನುತ್ತಿದ್ದದ್ದು) ಸೇವ್ ತಾನಾಗಿಯೇ ಅಳಿಸಿಹೋಗುವ ದೋಷವಿತ್ತು. ಟಿಎಚ್‌ಕ್ಯು ಅದನ್ನು ಸರಿಪಡಿಸಿದ ಪ್ರತಿಯನ್ನು ಆಮೇಲೆ ತಂದಿತು. ಹಾಗಾಗಿ ಎರಡೂ ಚಲಾವಣೆಯಲ್ಲಿವೆ.

ನಿಮ್ಮದೇ ಕಾರ್ಟ್ರಿಡ್ಜ್‌ನಿಂದ ತೆಗೆದ ರೋಮ್ ಫೈಲನ್ನು ಎಚ್‌ಎಕ್ಸ್‌ಡಿಯಂಥ ಯಾವುದಾದರೂ ಹೆಕ್ಸ್ ಎಡಿಟರ್‌ನಲ್ಲಿ (ಫೈಲಿನ ಪ್ರತಿ ಬೈಟನ್ನೂ 16ರ ಲೆಕ್ಕದ ಅಂಕಿಯಲ್ಲಿ ತೋರಿಸುವ ಪ್ರೋಗ್ರಾಂ) ತೆರೆಯಿರಿ. ಹೀಗೆ ನೋಡುತ್ತಾ ಹೋಗಿ:

1. ಫೈಲಿನ ಗಾತ್ರ 3,35,54,432 ಬೈಟ್ ಇರಬೇಕು, ಅಂದರೆ ಸರಿಯಾಗಿ 32 ಎಂಬಿ. ಕಡಿಮೆ ಇದ್ದರೆ ಕಾರ್ಟ್ರಿಡ್ಜ್‌ನಿಂದ ಪೂರ್ತಿ ಇಳಿದಿಲ್ಲ.

2. ಮೊದಲ ನಾಲ್ಕು ಬೈಟ್ ನೋಡಿ. 80 37 12 40 ಎಂದಿದ್ದರೆ ಅದು ಝಡ್64 ಕ್ರಮ, ಕನ್ಸೋಲ್ ಓದುವ ನೇರ ಕ್ರಮ. 37 80 40 12 ಇದ್ದರೆ ವಿ64. ಪ್ರತಿ ಎರಡು ಬೈಟ್ ಅದಲುಬದಲಾಗಿವೆ. 40 12 37 80 ಇದ್ದರೆ ಎನ್64. ನಾಲ್ಕು ನಾಲ್ಕಾಗಿ ತಿರುಗಿವೆ. ಫೈಲಿನ ಹೆಸರಿನ ಬಾಲವನ್ನು ನಂಬಬೇಡಿ, ಅದನ್ನು ಯಾರು ಬೇಕಾದರೂ ಬದಲಿಸಿರಬಹುದು. ಝಡ್64 ಅಲ್ಲದಿದ್ದರೆ ಬೈಟ್ ಕ್ರಮ ಬದಲಿಸುವ ಟೂಲ್‌ನಿಂದ ಝಡ್64 ಮಾಡಿಕೊಂಡೇ ಮುಂದಕ್ಕೆ ಹೋಗಿ.

3. ಎಡಗಡೆ 30 ಎಂದು ತೋರಿಸುವ ಸಾಲಿನ ಕೊನೆಯ ಎರಡು ಬೈಟ್ ನೋಡಿ. ಮೊದಲನೆಯದು ದೇಶ: 45 ಅಂದರೆ ಅಮೆರಿಕ, 50 ಅಂದರೆ ಯುರೋಪ್. ಎರಡನೆಯದು ಆವೃತ್ತಿ: 00 ಅಂದರೆ 1.0, 01 ಅಂದರೆ 1.1.

ಇಷ್ಟನ್ನು ಒಂದು ಚೀಟಿಯಲ್ಲಿ ಬರೆದಿಡಿ. ಆವೃತ್ತಿ ಯಾವುದು ಅಂತ ಹೇಳದ ಕೋಡ್ ಪಟ್ಟಿ ಎಷ್ಟೇ ಉದ್ದವಿದ್ದರೂ ಅದನ್ನು ಮುಟ್ಟದಿರುವುದೇ ಲೇಸು.

ಕೋಡ್ ಓದುವುದು ಹೇಗೆ

ಗೇಮ್‌ಶಾರ್ಕ್ ಅಂದರೆ ಕನ್ಸೋಲಿಗೂ ಕಾರ್ಟ್ರಿಡ್ಜ್‌ಗೂ ನಡುವೆ ಕೂರುವ ಚೀಟ್ ಸಾಧನ. ನಿಂಟೆಂಡೊ 64ರ ಗೇಮ್‌ಶಾರ್ಕ್ ಕೋಡ್ ಎಂಟು ಅಂಕಿ, ಒಂದು ಖಾಲಿ ಜಾಗ, ಮತ್ತೆ ನಾಲ್ಕು ಅಂಕಿ. ಮೊದಲ ಎರಡು ಅಂಕಿ ಏನು ಕೆಲಸ ಅಂತ ಹೇಳುತ್ತವೆ, ಮುಂದಿನ ಆರು ರ‍್ಯಾಮ್‌ನಲ್ಲಿ ಎಲ್ಲಿ ಅಂತ, ಕೊನೆಯ ನಾಲ್ಕು ಅಲ್ಲಿ ಏನು ಬರೆಯಬೇಕು ಅಂತ. 80ರಿಂದ ಶುರುವಾದರೆ ಒಂದು ಬೈಟ್ ಬರೆಯುತ್ತದೆ, 81 ಆದರೆ ಎರಡು ಬೈಟ್. 81 ಕೋಡಿನ ವಿಳಾಸ ಯಾವಾಗಲೂ ಸಮಸಂಖ್ಯೆಯಾಗಿರಬೇಕು. ಬೆಸ ವಿಳಾಸಕ್ಕೆ ಎರಡು ಬೈಟ್ ಬರೆಯಹೊರಟರೆ ಅಸಲಿ ಕನ್ಸೋಲಿನ ಪ್ರೊಸೆಸರ್ ಅಲ್ಲೇ ಮುಗ್ಗರಿಸುತ್ತದೆ.

ಡಿ0 ಮತ್ತು ಡಿ1 ಷರತ್ತಿನ ಕೋಡ್‌ಗಳು: ‘ಅಲ್ಲಿ ಇಂಥ ಬೆಲೆ ಇದ್ದರೆ ಮಾತ್ರ ಮುಂದಿನ ಸಾಲು ನಡೆಸು’. ಡಿ2, ಡಿ3 ಅದರ ತದ್ವಿರುದ್ಧ, ಬೆಲೆ ಬೇರೆಯಾಗಿದ್ದರೆ ನಡೆಸು. ಷರತ್ತು ಅನ್ವಯವಾಗುವುದು ಕೆಳಗಿನ ಒಂದೇ ಒಂದು ಸಾಲಿಗೆ. ಮೂರು ಸಾಲಿಗೆ ಷರತ್ತು ಬೇಕೆಂದರೆ ಮೂರರ ತಲೆಯ ಮೇಲೂ ಬರೆಯಬೇಕು. 50 ಕೋಡ್ ಪುನರಾವರ್ತನೆಗೆ: 50001002 0000 ಎಂದು ಬರೆದು ಕೆಳಗೆ ಒಂದು 81 ಸಾಲು ಹಾಕಿದರೆ, ಆ ಬೆಲೆ ಎರಡೆರಡು ಬೈಟ್ ಮುಂದಕ್ಕೆ ಹೋಗುತ್ತಾ 16 ಕಡೆ ಬೀಳುತ್ತದೆ (ಹೆಕ್ಸ್‌ನಲ್ಲಿ 10 ಅಂದರೆ 16). ಬೀಗ ಹಾಕಿದ ಸಾಮಾನುಗಳ ಉದ್ದ ಪಟ್ಟಿಯನ್ನು ಒಟ್ಟಿಗೆ ತೆರೆಯಲು ಇದು ಅನುಕೂಲ. ಎಣಿಕೆ ಒಂದು ಹೆಚ್ಚಾಯಿತೋ, ಪಕ್ಕದಲ್ಲಿರುವ ಸಂಬಂಧವೇ ಇಲ್ಲದ ಮಾಹಿತಿಯನ್ನೂ ತಿಂದುಹಾಕುತ್ತದೆ.

80400000 ಮತ್ತು ಅದಕ್ಕಿಂತ ಮೇಲಿನ ವಿಳಾಸಗಳು ಎಕ್ಸ್‌ಪಾನ್ಷನ್ ಪ್ಯಾಕ್ (ಕನ್ಸೋಲಿಗೆ ಸೇರಿಸುವ ಹೆಚ್ಚುವರಿ ಮೆಮೊರಿ) ಇದ್ದರೆ ಮಾತ್ರ ಇರುತ್ತವೆ, ಏಕೆಂದರೆ ಕನ್ಸೋಲಿನ ಸ್ವಂತ ರ‍್ಯಾಮ್ 4 ಎಂಬಿ ಅಷ್ಟೇ. ಅಂಥ ಕೋಡ್ ಬಳಸುವಾಗ ಎಮ್ಯುಲೇಟರ್‌ನಲ್ಲಿ (ಕಂಪ್ಯೂಟರಿನಲ್ಲಿ ಕನ್ಸೋಲಿನಂತೆಯೇ ಆಟ ಓಡಿಸುವ ಪ್ರೋಗ್ರಾಂ) ಮೆಮೊರಿ 8 ಎಂಬಿಗೆ ಇಟ್ಟಿದ್ದೀರಾ ನೋಡಿಕೊಳ್ಳಿ.

ಮಾಲ್‌ನ ದುಡ್ಡಿಗೆ ನೀವೇ ಕೋಡ್ ಹುಡುಕಿ

ನೋ ಮರ್ಸಿಯಲ್ಲಿ ಸ್ಮ್ಯಾಕ್‌ಡೌನ್ ಮಾಲ್ ಎಂಬ ಅಂಗಡಿ ಇದೆ. ಆಂದ್ರೆ ದ ಜೈಂಟ್‌ನಂಥ ಮರೆಯಲ್ಲಿರುವ ಪೈಲ್ವಾನರು, ಬಟ್ಟೆಬರೆ, ಪಟ್ಟುಗಳು ಅಲ್ಲಿ ದುಡ್ಡಿಗೆ ಸಿಗುತ್ತವೆ. ದುಡ್ಡು ಗಳಿಸಲು ಸರ್ವೈವಲ್ ಮೋಡ್‌ನಲ್ಲಿ ನೂರು ಜನರ ಎದುರು ನಿಲ್ಲುವ ಪ್ರಾಮಾಣಿಕ ದಾರಿಯೂ ಇದೆ, ಆದರೆ ಕೈ ಸೋಲುತ್ತದೆ. ಯಾರದೋ ಪಟ್ಟಿಯಿಂದ ಕೋಡ್ ಎತ್ತಿಕೊಳ್ಳುವುದಕ್ಕಿಂತ ನೀವೇ ಹುಡುಕಿಕೊಂಡರೆ ಆವೃತ್ತಿಯ ತಲೆನೋವೇ ಇರುವುದಿಲ್ಲ. ಒಮ್ಮೆ ಕಲಿತರೆ ಬೇರೆ ಯಾವ ಆಟಕ್ಕೂ ಇದೇ ವಿಧಾನ.

ಪ್ರಾಜೆಕ್ಟ್64 ಎಂಬ ಎಮ್ಯುಲೇಟರ್‌ನಲ್ಲಿ ಸೆಟ್ಟಿಂಗ್ಸ್‌ನೊಳಗೆ ‘ಹೈಡ್ ಅಡ್ವಾನ್ಸ್‌ಡ್ ಸೆಟ್ಟಿಂಗ್ಸ್’ ಎದುರಿನ ಗುರುತು ತೆಗೆದು, ಡಿಬಗ್ಗರ್ ಆನ್ ಮಾಡಿದರೆ ಮೆಮೊರಿ ಹುಡುಕುವ ಕಿಟಕಿ ಸಿಗುತ್ತದೆ. ರೆಟ್ರೊಆರ್ಕ್‌ನಲ್ಲಾದರೆ ಚೀಟ್ಸ್ ಮೆನುವಿನಲ್ಲೇ ಹುಡುಕಾಟ ಇದೆ. ಮೊದಲು ಸೇವ್ ಫೈಲಿನ ಒಂದು ನಕಲು ತೆಗೆದಿಡಿ. ನೋ ಮರ್ಸಿ ಸೇವ್ ಮಾಡುವುದು ಫ್ಲ್ಯಾಶ್ ಮೆಮೊರಿಗೆ, ಆದ್ದರಿಂದ ಪ್ರಾಜೆಕ್ಟ್64ರ ಸೇವ್ ಫೋಲ್ಡರ್‌ನಲ್ಲಿ ಅದು ಎಫ್‌ಎಲ್‌ಎ ಬಾಲದ ಫೈಲ್ ಆಗಿರುತ್ತದೆ.

1. ಮಾಲ್‌ಗೆ ಹೋಗಿ ಕೈಯಲ್ಲಿರುವ ದುಡ್ಡು ಎಷ್ಟೆಂದು ಬರೆದುಕೊಳ್ಳಿ. ಆ ಸಂಖ್ಯೆಯನ್ನು 32 ಬಿಟ್ ಎಂದು ಆರಿಸಿ ಹುಡುಕಿ. ದುಡ್ಡು 65,535 ದಾಟಬಹುದಾದ್ದರಿಂದ 16 ಬಿಟ್ ಸಾಲದು.

2. ಅಗ್ಗದ ಸಾಮಾನು ಒಂದನ್ನು ಕೊಳ್ಳಿ. ಹೊಸ ಸಂಖ್ಯೆ ಹಾಕಿ, ಹಿಂದಿನ ಫಲಿತಾಂಶದ ಒಳಗೇ ಹುಡುಕಿ. ಎರಡು ಮೂರು ಸಲ ಹೀಗೆ ಮಾಡಿದರೆ ಬೆರಳೆಣಿಕೆಯಷ್ಟು ವಿಳಾಸ ಉಳಿಯುತ್ತವೆ.

3. ಏನೂ ಸಿಗದಿದ್ದರೆ ಪರದೆಯ ಮೇಲಿನ ಸಂಖ್ಯೆ ಇರುವ ಹಾಗೇ ಮೆಮೊರಿಯಲ್ಲಿ ಇಲ್ಲ ಎಂದರ್ಥ. ಕೊನೆಯ ಸೊನ್ನೆಗಳನ್ನು ಆಟ ಬರೀ ತೋರಿಕೆಗೆ ಅಂಟಿಸುತ್ತಿರಬಹುದು. ಆಗ ಬೆಲೆ ಗೊತ್ತಿಲ್ಲ ಎಂದು ಶುರುಮಾಡಿ, ಕೊಂಡಾಗ ‘ಕಡಿಮೆಯಾಯಿತು’, ಗೆದ್ದಾಗ ‘ಹೆಚ್ಚಾಯಿತು’, ಸುಮ್ಮನಿದ್ದಾಗ ‘ಬದಲಾಗಿಲ್ಲ’ ಎನ್ನುತ್ತಾ ಜರಡಿ ಹಿಡಿಯಿರಿ.

4. ಉಳಿದ ವಿಳಾಸಗಳಲ್ಲಿ ಒಂದನ್ನು ಮಾತ್ರ ಬದಲಿಸಿ, ಮಾಲ್‌ನಿಂದ ಹೊರಗೆ ಹೋಗಿ ಮತ್ತೆ ಒಳಗೆ ಬನ್ನಿ. ಸಂಖ್ಯೆ ಹಳೆಯದಕ್ಕೇ ಮರಳಿದರೆ ನೀವು ಹಿಡಿದದ್ದು ತೋರಿಕೆಯ ನಕಲು. ಆಟ ಅಸಲಿ ಜಾಗದಿಂದ ಅದನ್ನು ಮತ್ತೆ ತುಂಬಿಕೊಂಡಿದೆ. ಮುಂದಿನ ವಿಳಾಸಕ್ಕೆ ಹೋಗಿ.

5. ಅಸಲಿಯದು ಸಿಕ್ಕಮೇಲೆ ಕೋಡ್ ಬರೆಯಿರಿ. ನಾಲ್ಕು ಬೈಟ್ ಬರೆಯುವ ಕೋಡ್ ಇಲ್ಲದಿರುವುದರಿಂದ ಎರಡು 81 ಸಾಲು ಬೇಕು: ಸಿಕ್ಕ ವಿಳಾಸಕ್ಕೆ 0009, ಅದಕ್ಕೆ ಎರಡು ಕೂಡಿಸಿದ ವಿಳಾಸಕ್ಕೆ 0000. ಆಗ ಕೈಯಲ್ಲಿ 5,89,824 ಇರುತ್ತದೆ, ಮನಸೋ ಇಚ್ಛೆ ಕೊಳ್ಳಲು ಸಾಕು.

6. ಕೊಂಡು ಮುಗಿಸಿ, ಕೋಡ್ ಆಫ್ ಮಾಡಿ, ಆಮೇಲೆ ಆಟದ ಮೆನುವಿನಿಂದಲೇ ಸೇವ್ ಆಗಲು ಬಿಡಿ.

ಚೀಟ್ ಎಂಜಿನ್‌ನಂಥ ಹೊರಗಿನ ಪ್ರೋಗ್ರಾಂನಿಂದ ಹುಡುಕುವವರಿಗೆ ಇಲ್ಲೊಂದು ಗುಂಡಿ ಇದೆ. ಬಹುತೇಕ ಎಮ್ಯುಲೇಟರ್‌ಗಳು ವೇಗಕ್ಕಾಗಿ ರ‍್ಯಾಮ್ ಅನ್ನು ನಾಲ್ಕು ನಾಲ್ಕು ಬೈಟ್ ತಿರುಗಿಸಿ ಇಟ್ಟುಕೊಳ್ಳುತ್ತವೆ. ಹಾಗಾಗಿ ಪ್ರತಿ ನಾಲ್ಕರ ಗುಂಪಿನಲ್ಲಿ 0, 1, 2, 3ನೇ ಜಾಗದಲ್ಲಿ ಕಂಡ ಬೈಟ್‌ಗಳು ಅಸಲಿಯಲ್ಲಿ 3, 2, 1, 0ನೇ ಜಾಗದವು. ಎರಡು ಬೈಟ್‌ನ ಬೆಲೆಯಾದರೆ 0 ಮತ್ತು 2 ಅದಲುಬದಲು. ನಾಲ್ಕು ಬೈಟ್‌ನದಕ್ಕೆ ಬದಲಾವಣೆ ಬೇಕಿಲ್ಲ. ವಿಳಾಸ ಸರಿ ಇದ್ದಂತೆಯೇ ಕಂಡು ಕೋಡ್ ಮಾತ್ರ ಕೆಲಸ ಮಾಡದಿದ್ದರೆ ಮೊದಲು ಇದನ್ನು ಪರೀಕ್ಷಿಸಿ.

ಮೆನುವಿನಲ್ಲಿ ಸರಿ, ಪಂದ್ಯದಲ್ಲಿ ಕ್ರ್ಯಾಶ್

ಜನ ಹೆಚ್ಚಾಗಿ ಕಾಣುವ ತೊಂದರೆ ಇದೇ. ಕಾರಣ ಸರಳ: 4 ಎಂಬಿಯಲ್ಲಿ ಇಡೀ ಆಟ ಹಿಡಿಸುವುದಿಲ್ಲ. ಪಂದ್ಯ ಶುರುವಾದಾಗ ಮೆನುವಿನ ಮಾಹಿತಿ ಇದ್ದ ಜಾಗಕ್ಕೆ ಪಂದ್ಯದ ಮಾಹಿತಿ ಬಂದು ಕೂರುತ್ತದೆ. ಗೇಮ್‌ಶಾರ್ಕ್‌ಗೆ ಅದರ ಪರಿವೆ ಇಲ್ಲ, ಸೆಕೆಂಡಿಗೆ ಹತ್ತಾರು ಸಲ ಅದೇ ವಿಳಾಸಕ್ಕೆ ಬರೆಯುತ್ತಲೇ ಇರುತ್ತದೆ. ನಿನ್ನೆ ದುಡ್ಡಿದ್ದ ಜಾಗದಲ್ಲಿ ಇವತ್ತು ಅಂಡರ್‌ಟೇಕರ್‌ನ ಮೊಣಕಾಲಿದ್ದರೆ ಆಗುವುದನ್ನು ಊಹಿಸಿಕೊಳ್ಳಿ.

ಪರಿಹಾರ ಷರತ್ತಿನ ಕೋಡ್. ಒಂದು ಬಟನ್ ಒತ್ತಿದಾಗ ಮಾತ್ರ ಕೋಡ್ ನಡೆಯುವಂತೆ ಮಾಡಿ. ನಿಂಟೆಂಡೊ 64ರಲ್ಲಿ ಒತ್ತಿದ ಬಟನ್‌ಗಳೆಲ್ಲ ಎರಡು ಬೈಟ್‌ನಲ್ಲಿ ಕೂತಿರುತ್ತವೆ: ಎ 8000, ಬಿ 4000, ಝಡ್ 2000, ಸ್ಟಾರ್ಟ್ 1000, ಡಿ-ಪ್ಯಾಡ್ ಮೇಲೆ 0800, ಕೆಳಗೆ 0400, ಎಡ 0200, ಬಲ 0100, ಎಲ್ 0020, ಆರ್ 0010, ಸಿ ಬಟನ್‌ಗಳು ಮೇಲೆ 0008, ಕೆಳಗೆ 0004, ಎಡ 0002, ಬಲ 0001. ಬಟನ್ ಬೈಟ್ ಎಲ್ಲಿದೆ ಎಂದು ಮೇಲಿನ ವಿಧಾನದಲ್ಲೇ ಹುಡುಕಬಹುದು: ಒತ್ತಿ ಹಿಡಿದು ಹುಡುಕಿ, ಬಿಟ್ಟು ಹುಡುಕಿ. ಡಿ1 ಎರಡೂ ಬೈಟನ್ನು ತಾಳೆ ನೋಡುತ್ತದೆ, ಜೊತೆಗೆ ಇನ್ನೊಂದು ಬಟನ್ ಒತ್ತಿದ್ದರೆ ಷರತ್ತು ತಪ್ಪುತ್ತದೆ. ಎರಡು ಬಟನ್ ಒಟ್ಟಿಗೆ ಬೇಕೆಂದರೆ ಬೆಲೆ ಕೂಡಿಸಿ. ಝಡ್ ಮತ್ತು ಎಲ್ ಸೇರಿ 2020. ಎಲ್ ಅಥವಾ ಆರ್ ಒಂದನ್ನೇ ಆರಿಸಬೇಡಿ, ಈ ಆಟದಲ್ಲಿ ಪಟ್ಟು ತಪ್ಪಿಸಿಕೊಳ್ಳುವುದೇ ಅವುಗಳಿಂದ. ಡಿ-ಪ್ಯಾಡ್ ಓಡಾಟಕ್ಕೆ ಬೇಕು, ಅದೂ ಬೇಡ.

ಅಸಲಿ ಕನ್ಸೋಲಿನ ಮೇಲೆ ಗೇಮ್‌ಶಾರ್ಕ್ ಹಾಕುವವರು ಕಾರ್ಟ್ರಿಡ್ಜ್‌ನ ಪಿನ್‌ಗಳನ್ನು ಐಸೊಪ್ರೊಪೈಲ್ ಆಲ್ಕೋಹಾಲ್‌ನಿಂದ ಒರೆಸಿ ಒಣಗಿಸಿ. ಕನ್ಸೋಲ್, ಗೇಮ್‌ಶಾರ್ಕ್, ಕಾರ್ಟ್ರಿಡ್ಜ್ ಒಂದರ ಮೇಲೊಂದು ನಿಲ್ಲುವುದರಿಂದ ಸಂಪರ್ಕ ತಪ್ಪುವುದು ಸುಲಭ, ಜನ ಅದನ್ನು ಕೋಡಿನ ತಪ್ಪೆಂದು ತಿಳಿಯುತ್ತಾರೆ. ಒಂದೊಂದೇ ಕೋಡ್ ಆನ್ ಮಾಡಿ ನೋಡಿ. ಗೇಮ್‌ಶಾರ್ಕ್ ಪ್ರೊನಲ್ಲಿರುವ ಕೋಡ್ ಹುಡುಕುವ ಸೌಲಭ್ಯಕ್ಕೆ ಎಕ್ಸ್‌ಪಾನ್ಷನ್ ಪ್ಯಾಕ್ ಬೇಕೇ ಬೇಕು.

ಮಾಡ್ ಪ್ಯಾಚ್ ಕೂರಿಸುವುದು

ಮಾಡ್ ಮಾಡುವವರು ಪೂರ್ತಿ ರೋಮ್ ಹಂಚುವುದಿಲ್ಲ, ಹಂಚಲೂಬಾರದು. ಮೂಲಕ್ಕೂ ಹೊಸದಕ್ಕೂ ಇರುವ ವ್ಯತ್ಯಾಸವನ್ನು ಮಾತ್ರ ಪ್ಯಾಚ್ ಆಗಿ ಕೊಡುತ್ತಾರೆ. ನೋ ಮರ್ಸಿಗೆ ಇದು ಸಾಮಾನ್ಯವಾಗಿ ಎಕ್ಸ್‌ಡೆಲ್ಟಾ ಅಥವಾ ಬಿಪಿಎಸ್ ರೂಪದಲ್ಲಿರುತ್ತದೆ. ಹಳೆಯ ಐಪಿಎಸ್ ರೂಪ ಇಲ್ಲಿ ಸಾಲುವುದಿಲ್ಲ. ಅದರ ವಿಳಾಸ ಮೂರೇ ಬೈಟ್, ಅಂದರೆ 16 ಎಂಬಿಯಿಂದಾಚೆಗೆ ಕೈ ಚಾಚಲು ಆಗದು, ಆಟವೋ 32 ಎಂಬಿ.

ಮೂಲ ರೋಮನ್ನು ಎಂದೂ ಮುಟ್ಟಬೇಡಿ, ನಕಲಿನ ಮೇಲೆ ಕೆಲಸ ಮಾಡಿ. ಮಾಡ್ ಜೊತೆಗಿನ ಓದಿ-ನೋಡಿ ಫೈಲಿನಲ್ಲಿ ಮೂಲದ ಎಂಡಿ5 (ಫೈಲಿನ ಬೆರಳಚ್ಚಿನಂಥ ಸಂಖ್ಯೆ) ಕೊಟ್ಟಿದ್ದರೆ ನಿಮ್ಮದರ ಎಂಡಿ5 ತೆಗೆದು ತಾಳೆ ನೋಡಿ. ಡೆಲ್ಟಾ ಪ್ಯಾಚರ್‌ನಂಥ ಟೂಲ್‌ಗೆ ಮೂಲ ಫೈಲ್, ಪ್ಯಾಚ್ ಫೈಲ್ ಎರಡನ್ನೂ ತೋರಿಸಿ ಅನ್ವಯಿಸಿ. ಚೆಕ್‌ಸಮ್ (ಫೈಲ್ ಸರಿಯಿದೆಯೇ ಎಂದು ತಾಳೆ ನೋಡುವ ಸಂಖ್ಯೆ) ಹೊಂದುತ್ತಿಲ್ಲ ಎಂಬ ದೂರು ಬಂದರೆ ಕಾರಣ ಮೂರರಲ್ಲೊಂದು: ಬೈಟ್ ಕ್ರಮ ಬೇರೆ, ಆವೃತ್ತಿ ಬೇರೆ, ಇಲ್ಲವೇ ಆಗಲೇ ಬೇರೆ ಮಾಡ್ ಹತ್ತಿದ ರೋಮ್ ಕೊಟ್ಟಿದ್ದೀರಿ. ಚೆಕ್‌ಸಮ್ ಪರೀಕ್ಷೆಯನ್ನೇ ಆಫ್ ಮಾಡಿ ಒತ್ತಾಯದಿಂದ ಹಾಕುವ ಆಯ್ಕೆ ಕೆಲವು ಟೂಲ್‌ಗಳಲ್ಲಿದೆ. ಹಾಕಬೇಡಿ. ಆಟ ಶುರುವಾಗುತ್ತದೆ, ಚೆನ್ನಾಗಿಯೂ ಕಾಣುತ್ತದೆ, ಎಲ್ಲೋ ಹತ್ತನೇ ಪಂದ್ಯದಲ್ಲಿ ಕಲ್ಲಾಗಿ ನಿಲ್ಲುತ್ತದೆ.

ಇನ್ನೊಂದು ಚೆಕ್‌ಸಮ್ ರೋಮ್‌ನ ಒಳಗೇ ಇದೆ: 10 ಎಂಬ ಸಾಲಿನ ಮೊದಲ ಎಂಟು ಬೈಟ್. ಇದನ್ನು ಲೆಕ್ಕ ಹಾಕುವುದು ರೋಮ್‌ನ ಆರಂಭದ 4 ಕೆಬಿ ಬಿಟ್ಟು ಮುಂದಿನ 1 ಎಂಬಿಯಿಂದ. ಆ ಭಾಗದಲ್ಲಿ ಮಾಡ್ ಏನಾದರೂ ಬದಲಿಸಿ ಚೆಕ್‌ಸಮ್ ತಿದ್ದದಿದ್ದರೆ ಅಸಲಿ ಕನ್ಸೋಲ್ ಆಟವನ್ನು ಶುರುವೇ ಮಾಡುವುದಿಲ್ಲ, ಪರದೆ ಕಪ್ಪಾಗಿಯೇ ಉಳಿಯುತ್ತದೆ. ಈ ಚೆಕ್‌ಸಮ್ (ಸಿಆರ್‌ಸಿ ಎಂದೂ ಕರೆಯುತ್ತಾರೆ) ಸರಿಪಡಿಸುವ ಪುಟ್ಟ ಟೂಲ್‌ಗಳಿವೆ, ಒಂದು ಸಲ ಓಡಿಸಿದರೆ ಮುಗಿಯಿತು.

ಸರಿಪಡಿಸಿದ ಮೇಲೆ ಹೊಸದೊಂದು ಫಜೀತಿ ಹುಟ್ಟುತ್ತದೆ. ಪ್ರಾಜೆಕ್ಟ್64 ಆಟವನ್ನು ಗುರುತಿಸುವುದೇ ಈ ಎಂಟು ಬೈಟ್‌ನಿಂದ. ಅವು ಬದಲಾದರೆ ಅದಕ್ಕೆ ಇದು ಗುರುತಿಲ್ಲದ ಆಟ, ಜೋಡಿಸಿಟ್ಟ ಸೆಟ್ಟಿಂಗ್‌ಗಳೂ ಹಳೆಯ ಚೀಟ್ ಪಟ್ಟಿಯೂ ಕಾಣೆಯಾಗುತ್ತವೆ. ಸೇವ್ ಆಗುತ್ತಿಲ್ಲ ಎಂದರೆ ಆ ಆಟದ ಸೆಟ್ಟಿಂಗ್‌ನಲ್ಲಿ ಸೇವ್ ಬಗೆಯನ್ನು ಫ್ಲ್ಯಾಶ್‌ರ‍್ಯಾಮ್ ಎಂದು ಕೈಯಾರೆ ಆರಿಸಿ. ಎವರ್‌ಡ್ರೈವ್‌ನಂಥ ಫ್ಲ್ಯಾಶ್ ಕಾರ್ಟ್‌ನಲ್ಲೂ (ರೋಮ್ ಫೈಲನ್ನು ಅಸಲಿ ಕನ್ಸೋಲಿನಲ್ಲಿ ಓಡಿಸುವ ಕಾರ್ಟ್ರಿಡ್ಜ್) ಸೇವ್ ಬಗೆ ತಪ್ಪಾಗಿದ್ದರೆ ಇದೇ ಪಾಡು, ಇದೇ ಪರಿಹಾರ.

ಈಗ ಆರಂಭದಲ್ಲಿ ಹೇಳಿದ ಹಳೆಯ ಹೆಸರಿನ ವಿಚಾರ. ನೋ ಮರ್ಸಿಯಲ್ಲಿ ಇರುವ ಪೈಲ್ವಾನರ ಹೆಸರು, ಬಟ್ಟೆ, ಪಟ್ಟುಗಳನ್ನು ಆಟದೊಳಗೇ ತಿದ್ದಬಹುದು, ತಿದ್ದಿದ್ದು ಉಳಿಯುವುದು ಸೇವ್‌ನಲ್ಲಿ. ಹಳೆಯ ಸೇವ್ ಇಟ್ಟುಕೊಂಡೇ ಹೊಸ ಮಾಡ್ ಶುರುಮಾಡಿದರೆ ನಿಮ್ಮ ಹಳೆಯ ತಿದ್ದುಪಡಿಗಳು ಹೊಸ ಪೈಲ್ವಾನರ ಪಟ್ಟಿಯ ಮೇಲೆ ಬಂದು ಕೂರುತ್ತವೆ. ಒಂದು ಮಾಡ್‌ಗೆ ಒಂದು ಸೇವ್. ಮಾಡ್ ತನ್ನದೇ ಎಫ್‌ಎಲ್‌ಎ ಫೈಲ್ ಕೊಟ್ಟಿದ್ದರೆ ಎಮ್ಯುಲೇಟರ್ ಮುಚ್ಚಿ, ನಿಮ್ಮ ಸೇವ್ ಫೋಲ್ಡರ್‌ನಲ್ಲಿ ಆಟ ತಾನೇ ಮಾಡಿಕೊಂಡ ಫೈಲಿನ ಹೆಸರನ್ನೇ ಅದಕ್ಕಿಟ್ಟು ಬದಲಿಸಿ. ಎಮ್ಯುಲೇಟರ್ ತೆರೆದಿರುವಾಗ ಬದಲಿಸಿದರೆ ಮುಚ್ಚುವಾಗ ಅದು ತನ್ನ ಹಳೆಯದನ್ನೇ ಮೇಲೆ ಬರೆದುಬಿಡಬಹುದು. ಸೇವ್ ಸ್ಟೇಟ್ ಅಂತೂ ಬೇಡವೇ ಬೇಡ: ಅದು ರ‍್ಯಾಮ್‌ನ ಪೂರ್ತಿ ಚಿತ್ರ. ಹಳೆಯ ಸ್ಟೇಟ್ ತೆರೆದರೆ ಹೊಸ ಮಾಡ್‌ನೊಳಗೆ ಹಳೆಯ ರ‍್ಯಾಮ್ ಬಂದಿಳಿಯುತ್ತದೆ.

ಟೆಕ್ಸ್ಚರ್ ಪ್ಯಾಕ್

ಮುಖ, ಬಟ್ಟೆ, ರಿಂಗಿನ ಹಾಸು ಚೊಕ್ಕವಾಗಿ ಕಾಣಬೇಕೆಂದರೆ ಜಿಲೈಡ್‌ಎನ್64 ವಿಡಿಯೊ ಪ್ಲಗ್ಇನ್ ಬಳಸಿ. ಪ್ಯಾಕ್ ಅನ್ನು ಹೈರೆಸ್ ಟೆಕ್ಸ್ಚರ್ ಫೋಲ್ಡರ್‌ನೊಳಗೆ, ರೋಮ್‌ನ ಒಳಹೆಸರಿನದೇ ಫೋಲ್ಡರ್ ಮಾಡಿ ಇಡಬೇಕು. ಒಳಹೆಸರು ಹೆಕ್ಸ್ ಎಡಿಟರ್‌ನ 20 ಎಂಬ ಸಾಲಿನಿಂದ ಶುರುವಾಗುತ್ತದೆ, 20 ಅಕ್ಷರ. ಮಾಡ್ ಈ ಹೆಸರನ್ನೇ ಬದಲಿಸಿದ್ದರೆ ಫೋಲ್ಡರ್ ಹೆಸರೂ, ಒಳಗಿನ ಫೈಲ್ ಹೆಸರುಗಳ ಮೊದಲ ತುಂಡೂ ಬದಲಾಗಬೇಕು.

ಪ್ರತಿ ಚಿತ್ರವನ್ನು ಪ್ಲಗ್ಇನ್ ಗುರುತಿಸುವುದು ಅದರ ಸಿಆರ್‌ಸಿ ಸಂಖ್ಯೆಯಿಂದ. ಇದರಿಂದ ಎರಡು ಪರಿಣಾಮ. ಒಂದೇ ಚಿತ್ರವನ್ನು ಇಬ್ಬರು ಪೈಲ್ವಾನರು ಹಂಚಿಕೊಂಡಿದ್ದರೆ ಒಬ್ಬನ ಚಡ್ಡಿ ಬದಲಿಸಿದಾಗ ಇನ್ನೊಬ್ಬನದೂ ಬದಲಾಗುತ್ತದೆ, ಅದನ್ನು ಪ್ಯಾಕ್‌ನಿಂದ ತಪ್ಪಿಸಲು ಬಾರದು, ರೋಮ್ ಮಾಡ್ ಬೇಕು. ಎರಡನೆಯದಾಗಿ, ರೈಸ್ ಪ್ಲಗ್ಇನ್ ಕಾಲದ ಹಳೆಯ ಪ್ಯಾಕ್‌ಗಳಲ್ಲಿ ಪ್ಯಾಲೆಟ್ (ಬಣ್ಣಗಳ ಪಟ್ಟಿ) ಇರುವ ಚಿತ್ರಗಳ ಸಿಆರ್‌ಸಿ ಲೆಕ್ಕ ಬೇರೆ. ಪ್ಯಾಕ್‌ನ ಅರ್ಧ ಕಂಡು ಅರ್ಧ ಕಾಣದಿದ್ದರೆ ಜಿಲೈಡ್‌ಎನ್64ರ ಟೆಕ್ಸ್ಚರ್ ಪುಟದಲ್ಲಿ ಸಿಆರ್‌ಸಿಯ ಪರ್ಯಾಯ ಲೆಕ್ಕದ ಆಯ್ಕೆಗೆ ಗುರುತು ಹಾಕಿ. ಹೊಸ ಪ್ಯಾಕ್ ಹಾಕಿಯೂ ಹಳೆಯದೇ ಕಾಣುತ್ತಿದ್ದರೆ ಕ್ಯಾಶ್ ಫೋಲ್ಡರ್‌ನಲ್ಲಿರುವ ಎಚ್‌ಟಿಸಿ ಫೈಲ್ ಅಳಿಸಿ. ನೀವೇ ಚಿತ್ರ ಬಿಡಿಸುವುದಾದರೆ ಮೂಲದ ಅಗಲ-ಎತ್ತರದ ಎರಡು ಪಟ್ಟು ಅಥವಾ ನಾಲ್ಕು ಪಟ್ಟು ಇಡಿ, ಅನುಪಾತ ತಪ್ಪಿಸಬೇಡಿ.

ಹಿಯರ್ ಕಮ್ಸ್ ದ ಪೇನ್

ಯೂಕ್ಸ್ ಮಾಡಿದ ಈ ಪ್ಲೇಸ್ಟೇಷನ್ 2 ಆಟ 2003ರದ್ದು. ಜಪಾನಿನಲ್ಲಿ ಇದರ ಹೆಸರು ಎಕ್ಸೈಟಿಂಗ್ ಪ್ರೊ ರೆಸ್ಲಿಂಗ್ 5. ಇಲ್ಲೂ ಮೊದಲ ಪ್ರಶ್ನೆ ಪ್ರತಿ ಯಾವುದು ಎಂಬುದೇ. ಡಿಸ್ಕಿನ ಸೀರಿಯಲ್ ಎಸ್‌ಎಲ್‌ಯುಎಸ್ ಎಂದಿದ್ದರೆ ಅಮೆರಿಕದ್ದು, ಎಸ್‌ಎಲ್‌ಇಎಸ್ ಎಂದಿದ್ದರೆ ಪಾಲ್ (ಯುರೋಪ್ ಮೊದಲಾದ ಕಡೆಯ ಟಿವಿ ಪದ್ಧತಿ) ಪ್ರದೇಶದ್ದು. ಭಾರತ ಪಾಲ್ ವಲಯ, ಆದರೆ ಸಿಗುವ ಕೋಡ್‌ಗಳು ಹೆಚ್ಚಾಗಿ ಅಮೆರಿಕದ ಎಸ್‌ಎಲ್‌ಯುಎಸ್-20787 ಪ್ರತಿಗೆ ಬರೆದವು. ನಿಮ್ಮ ಹಳೆಯ ಅಸಲಿ ಡಿಸ್ಕಿಗೆ ಅವು ಆಗದಿದ್ದರೆ ಆಶ್ಚರ್ಯವಿಲ್ಲ.

ಪ್ಲೇಸ್ಟೇಷನ್ 2ರ ಎಮ್ಯುಲೇಟರ್ ಆದ ಪಿಸಿಎಸ್‌ಎಕ್ಸ್2ರಲ್ಲಿ ಚೀಟ್‌ಗಳು ಪಿನ್ಯಾಚ್ (pnach) ಎಂಬ ಬಾಲದ ಟೆಕ್ಸ್ಟ್ ಫೈಲಿನಲ್ಲಿ, ಚೀಟ್ಸ್ ಫೋಲ್ಡರ್‌ನೊಳಗೆ ಇರುತ್ತವೆ. ಫೈಲಿನ ಹೆಸರು: ಸೀರಿಯಲ್, ಒಂದು ಅಂಡರ್‌ಸ್ಕೋರ್, ಎಂಟು ಅಂಕಿಯ ಸಿಆರ್‌ಸಿ. ಎರಡೂ ಆಟದ ಪ್ರಾಪರ್ಟೀಸ್ ಕಿಟಕಿಯಲ್ಲಿ ಸಿಗುತ್ತವೆ. ಈ ಸಿಆರ್‌ಸಿ ಇಡೀ ಡಿಸ್ಕಿನದಲ್ಲ, ಡಿಸ್ಕಿನಲ್ಲಿರುವ ಮುಖ್ಯ ಪ್ರೋಗ್ರಾಂ ಫೈಲಿನದು. ಪೈಲ್ವಾನರ ಚಿತ್ರ, ಸಂಗೀತ ಇರುವ ಪ್ಯಾಕ್ ಫೈಲ್‌ಗಳನ್ನು ಬದಲಿಸಿದ ಮಾಡ್‌ಗೆ ಹಳೆಯ ಚೀಟ್ ಫೈಲ್ ಹಾಗೇ ನಡೆಯುತ್ತದೆ. ಪ್ರೋಗ್ರಾಂ ಫೈಲನ್ನೇ ತಿದ್ದಿದ ಮಾಡ್‌ಗೆ ಸಿಆರ್‌ಸಿ ಬದಲಾಗಿ ಚೀಟ್ ಫೈಲ್ ಹಿಡಿಯುವುದೇ ಇಲ್ಲ.

ಕೋಡಿನ ಮೊದಲ ಅಂಕಿ 0 ಆದರೆ ಒಂದು ಬೈಟ್, 1 ಆದರೆ ಎರಡು, 2 ಆದರೆ ನಾಲ್ಕು ಬೈಟ್ ಬರೆಯುತ್ತದೆ. ಪಿನ್ಯಾಚ್ ಸಾಲಿನಲ್ಲಿ ‘ಎಕ್ಸ್‌ಟೆಂಡೆಡ್’ ಎಂಬ ಪದ ಇದ್ದರೆ ಮಾತ್ರ ಈ ಅಂಕಿಗೆ ಅರ್ಥ. ಕೋಡ್‌ಬ್ರೇಕರ್ ಅಥವಾ ಆಕ್ಷನ್ ರೀಪ್ಲೇ ಮ್ಯಾಕ್ಸ್ ಎಂಬ ಚೀಟ್ ಸಾಧನಗಳ ಪಟ್ಟಿಯಿಂದ ಎತ್ತಿದ ಕೋಡ್ ಸಾಮಾನ್ಯವಾಗಿ ಗೂಢಲಿಪಿಯಲ್ಲಿರುತ್ತದೆ. ಓಮ್ನಿಕನ್ವರ್ಟ್ ಎಂಬ ಟೂಲ್‌ನಲ್ಲಿ ಹಾಕಿ ಕಚ್ಚಾ ರೂಪಕ್ಕೆ ತಂದುಕೊಳ್ಳದೆ ಅಂಟಿಸಿದರೆ ಎಲ್ಲೆಲ್ಲೋ ಬರೆಯುತ್ತದೆ. ರೆಟ್ರೊಅಚೀವ್‌ಮೆಂಟ್ಸ್‌ನ (ಹಳೆಯ ಆಟಗಳಲ್ಲಿನ ಸಾಧನೆ ದಾಖಲಿಸುವ ಆನ್‌ಲೈನ್ ಸೇವೆ) ಹಾರ್ಡ್‌ಕೋರ್ ಮೋಡ್ ಆನ್ ಇದ್ದರೆ ಎಷ್ಟು ಸರಿಯಾದ ಕೋಡ್ ಆದರೂ ನಡೆಯದು.

ಟೆಕ್ಸ್ಚರ್ ಬದಲಿಸಲು ಡಿಸ್ಕ್ ಮುಟ್ಟಬೇಕಿಲ್ಲ: ಟೆಕ್ಸ್ಚರ್ಸ್ ಫೋಲ್ಡರ್‌ನಲ್ಲಿ ಸೀರಿಯಲ್ ಹೆಸರಿನ ಫೋಲ್ಡರ್, ಅದರೊಳಗೆ ರೀಪ್ಲೇಸ್‌ಮೆಂಟ್ಸ್ ಎಂಬ ಫೋಲ್ಡರ್ ಮಾಡಿ ಚಿತ್ರಗಳನ್ನು ಹಾಕಿ, ಗ್ರಾಫಿಕ್ಸ್ ಸೆಟ್ಟಿಂಗ್‌ನಲ್ಲಿ ಆನ್ ಮಾಡಿ. ಐಎಸ್ಒ (ಇಡೀ ಡಿಸ್ಕಿನ ನಕಲು ಫೈಲ್) ಒಳಗಿನ ಫೈಲನ್ನೇ ಬದಲಿಸುವುದಾದರೆ ಹೊಸ ಫೈಲ್ ಹಳೆಯದಕ್ಕಿಂತ ದೊಡ್ಡದಾಗಬಾರದು. ಡಿಸ್ಕಿನಲ್ಲಿ ಪ್ರತಿ ಫೈಲೂ 2,048 ಬೈಟ್‌ನ ಸೆಕ್ಟರ್ ಲೆಕ್ಕದಲ್ಲಿ ಒಂದರ ಹಿಂದೊಂದು ಕೂತಿರುತ್ತದೆ. ಒಂದು ಉಬ್ಬಿದರೆ ಅದರ ನಂತರದವುಗಳ ಜಾಗವೆಲ್ಲ ಜರುಗಿ, ಹಳೆಯ ಸೆಕ್ಟರ್ ಸಂಖ್ಯೆ ಹಿಡಿದು ಹುಡುಕುವ ಆಟ ಲೋಡಿಂಗ್ ಪರದೆಯಲ್ಲೇ ನಿಲ್ಲುತ್ತದೆ. ಚಿಕ್ಕದಾದರೆ ಚಿಂತೆಯಿಲ್ಲ, ಮೂಲ ಗಾತ್ರ ಬರುವವರೆಗೆ ಕೊನೆಗೆ ಸೊನ್ನೆ ತುಂಬಿ.

ಫೋನಿನಲ್ಲಿ ನೋ ಮರ್ಸಿ ಆಡುವವರಿಗೆ ಎಂ64ಪ್ಲಸ್ ಎಫ್‌ಝಡ್ ಎಂಬ ಎಮ್ಯುಲೇಟರ್‌ನಲ್ಲಿ ಮೇಲಿನ ಗೇಮ್‌ಶಾರ್ಕ್ ಕೋಡ್‌ಗಳನ್ನೇ ಹಾಕಬಹುದು, ಟೆಕ್ಸ್ಚರ್ ಪ್ಯಾಕ್ ಆಮದು ಮಾಡುವ ಆಯ್ಕೆಯೂ ಇದೆ. ಇಬ್ಬರು ನೆಟ್‌ಪ್ಲೇನಲ್ಲಿ (ಇಂಟರ್ನೆಟ್ ಮೂಲಕ) ಆಡುವುದಾದರೆ ರೋಮ್, ಸೇವ್, ಆನ್ ಇರುವ ಕೋಡ್‌ಗಳು ಮೂರೂ ಎರಡು ಕಡೆ ತದ್ರೂಪವಾಗಿರಬೇಕು. ಇಲ್ಲದಿದ್ದರೆ ಒಬ್ಬನ ಪರದೆಯಲ್ಲಿ ಪಿನ್ ಆಗಿ ಪಂದ್ಯ ಮುಗಿದಿರುತ್ತದೆ, ಇನ್ನೊಬ್ಬನದರಲ್ಲಿ ಇಬ್ಬರೂ ರಿಂಗಿನ ಹೊರಗೆ ಕುರ್ಚಿ ಹಿಡಿದು ಬಡಿದಾಡುತ್ತಿರುತ್ತಾರೆ. ಟೆಕ್ಸ್ಚರ್ ಪ್ಯಾಕ್ ಮಾತ್ರ ಬೇರೆ ಬೇರೆ ಇದ್ದರೂ ನಡೆಯುತ್ತದೆ.